ಆಶ್‌ವಿಟ್ಜ್‌ಗಿಂತ ಮೊದಲು ಕಾಜಿಮಿಯೆಶ್: ಕ್ರಾಕೋವ್‌ನ ಯಹೂದಿ ಬೀದಿಗಳಲ್ಲಿ ನನ್ನ ಅನುಭವ

ಪೋಲೆಂಡಿನ ಕ್ರಾಕೋವ್‌ಗೆ ಬರುವ ನೆಂಟರು, ಸ್ನೇಹಿತರು ಎಲ್ಲರೂ ಮೊದಲು ಕೇಳುವುದು ಒಂದೇ: "ಆಶ್‌ವಿಟ್ಜ್ ಇಲ್ಲಿಂದ ಎಷ್ಟು ದೂರ?" ಎರಡನೇ ಮಹಾಯುದ್ಧದಲ್ಲಿ ನಾಜಿಗಳು ಯಹೂದಿಗಳನ್ನು ಕೊಂದ ಆ ಶಿಬಿರ ಸುಮಾರು 70 ಕಿಲೋಮೀಟರ್. ಬೆಳಿಗ್ಗೆ ಬಸ್ ಹತ್ತಿದರೆ ಸಂಜೆಯೊಳಗೆ ನೋಡಿಕೊಂಡು ಬರಬಹುದು. ಬೆಂಗಳೂರಿನಿಂದ ಐಟಿ ಕೆಲಸಕ್ಕೆ ಬಂದು ಇಲ್ಲಿ ಮನೆ ಮಾಡಿಕೊಂಡಿರುವ ನಮ್ಮಂಥವರಿಗೆ ಈ ಪ್ಯಾಕೇಜ್ ಬಾಯಿಪಾಠ. ಒಂದು ದಿನ ಆಶ್‌ವಿಟ್ಜ್, ಒಂದು ದಿನ ವಿಯೆಲಿಚ್ಕಾ ಉಪ್ಪಿನ ಗಣಿ, ಉಳಿದ ಹೊತ್ತು ಹಳೇ ಊರಿನ ಚೌಕದಲ್ಲಿ ಫೋಟೋ.

ನಾನು ಮಾಡುವ ಕ್ರಮ ಬೇರೆ. ಯಾರೇ ಬರಲಿ, ಮೊದಲು ಒಬ್ಬ ಗೈಡ್ ಜೊತೆ ಹಳೇ ಯಹೂದಿ ಕೇರಿ ಕಾಜಿಮಿಯೆಶ್‌ನಲ್ಲಿ ಅರ್ಧ ದಿನ ನಡೆಸುತ್ತೇನೆ. ಆಶ್‌ವಿಟ್ಜ್ ಆಮೇಲೆ. ಅಲ್ಲಿ ಕಾಣುವುದು ಜನ ಸತ್ತ ಬಗೆ. ಅವರು ಏನು ತಿನ್ನುತ್ತಿದ್ದರು, ಯಾವುದಕ್ಕೆ ವಾದ ಮಾಡುತ್ತಿದ್ದರು, ಹೆಣ್ಣುಮಕ್ಕಳನ್ನು ಓದಿಸುತ್ತಿದ್ದರಾ ಇಲ್ಲವಾ, ಇದೆಲ್ಲ ಅಲ್ಲಿ ಗೊತ್ತಾಗಲ್ಲ. ಯುದ್ಧಕ್ಕೆ ಮುಂಚೆ ಈ ಊರಿನಲ್ಲಿ 60 ಸಾವಿರಕ್ಕೂ ಜಾಸ್ತಿ ಯಹೂದಿಗಳಿದ್ದರು. ಅಂದರೆ ಹೆಚ್ಚುಕಡಿಮೆ ನಾಲ್ಕು ಜನರಲ್ಲಿ ಒಬ್ಬರು. ಅಷ್ಟು ಜನ ಶತಮಾನಗಟ್ಟಲೆ ಬದುಕಿದ ಬೀದಿಗಳನ್ನು ಬಿಟ್ಟು, ಸೀದಾ ಸಾವಿನ ಜಾಗಕ್ಕೆ ಹೋಗುವುದು ನನಗೆ ಸರಿ ಕಾಣುವುದಿಲ್ಲ.

ಮೊದಲು ಗೈಡ್ ವಿಷಯ. ಅದರ ಮೇಲೇ ಎಲ್ಲಾ ನಿಂತಿದೆ.

ಹಳೇ ಊರಿನ ಚೌಕದಲ್ಲಿ ಕಾಲಿಟ್ಟ ತಕ್ಷಣ ಬ್ಯಾಟರಿ ಗಾಡಿಯವರು ಕರೆಯುತ್ತಾರೆ. ಕೂರಿಸಿಕೊಂಡು, ರೆಕಾರ್ಡ್ ಮಾಡಿದ ದನಿ ಹಾಕಿ, ಕಾಜಿಮಿಯೆಶ್, ಘೆಟ್ಟೋ (ನಾಜಿಗಳು ಯಹೂದಿಗಳನ್ನು ಕೂಡಿಹಾಕಿದ ಜಾಗ), ಶಿಂಡ್ಲರ್ ಫ್ಯಾಕ್ಟರಿ (ತನ್ನ ಯಹೂದಿ ಕೆಲಸಗಾರರನ್ನು ಉಳಿಸಿದ ಜರ್ಮನ್ ಉದ್ಯಮಿಯದು) ಎಲ್ಲಾ ಸುತ್ತಿಸಿ ಬಿಡುತ್ತಾರೆ. ಕಾಲುನೋವಿನವರಿಗೆ ಅನುಕೂಲವೇ. ಆದರೆ ದನಿ ಹೇಳುತ್ತಿರುವ ಕಟ್ಟಡ ಯಾವುದು ಅಂತ ಹುಡುಕುವಷ್ಟರಲ್ಲಿ ಗಾಡಿ ಮುಂದಿನ ತಿರುವಿನಲ್ಲಿರುತ್ತದೆ, ಪ್ರಶ್ನೆ ಕೇಳೋಣವೆಂದರೆ ಯಾರೂ ಇಲ್ಲ. ಎರಡನೆಯದು, ಮುಂಚೆ ಹಣ ಕೇಳದ, ಕೊನೆಯಲ್ಲಿ ಟಿಪ್ಸ್ ತೆಗೆದುಕೊಳ್ಳುವ ಟೂರ್‌ಗಳು. ಇವುಗಳಲ್ಲಿ ತುಂಬಾ ಒಳ್ಳೆಯ ಗೈಡ್‌ಗಳಿದ್ದಾರೆ. ಇತಿಹಾಸ ಓದಿದವರು, ಈ ವಿಷಯದ ಮೇಲೆ ಜೀವ ಇಟ್ಟುಕೊಂಡವರು. ಆದರೆ ಬೇಸಿಗೆಯಲ್ಲಿ ಗುಂಪು ದೊಡ್ಡದಾಗುತ್ತದೆ. ಅಂಥ ಒಂದು ಗುಂಪಿನಲ್ಲಿ ಹಿಂದೆ ನಿಂತ ನನಗೆ ಕೇಳಿಸಿದ್ದು ಗೈಡ್‌ನ ಜೋಕುಗಳು ಮಾತ್ರ. ಅದೂ ಸ್ಮಶಾನದ ಬಾಗಿಲಲ್ಲಿ. ಮೂರನೆಯದು, ನಮಗೇ ಅಂತ ಒಬ್ಬ ಗೈಡ್. ಒಬ್ಬರೇ ಹೋದರೆ ದುಬಾರಿ. ನಾಲ್ಕೈದು ಜನ ಸೇರಿ ಹಂಚಿಕೊಂಡರೆ ಅಷ್ಟೇನೂ ಆಗಲ್ಲ.

ಬುಕ್ ಮಾಡುವ ಮುಂಚೆ ನಾನು ಮೆಸೇಜ್‌ನಲ್ಲಿ ಒಂದು ಪ್ರಶ್ನೆ ಕೇಳುತ್ತೇನೆ: "1945ರ ನಂತರ ಇಲ್ಲಿ ಏನಾಯಿತು ಅಂತಲೂ ಹೇಳುತ್ತೀರಾ?" ಉತ್ತರ ಬರುವ ರೀತಿಯಲ್ಲೇ ಗೈಡ್ ಎಂಥವರು ಅಂತ ಗೊತ್ತಾಗುತ್ತದೆ. ಯುದ್ಧ ಮುಗಿಯಿತು, ಕಥೆ ಮುಗಿಯಿತು ಅನ್ನುವವರೂ ಇದ್ದಾರೆ. ಕಥೆ ಅಲ್ಲಿಗೆ ಮುಗಿಯಲಿಲ್ಲ. ಅದಕ್ಕೆ ಆಮೇಲೆ ಬರುತ್ತೇನೆ.

ಇನ್ನೊಂದು ಮಾತು, ಟೂರ್ ಬರೀ ಕಾಜಿಮಿಯೆಶ್ ಆದರೆ ಸಾಲದು. ನದಿ ದಾಟಿ ಪೊಡ್ಗೂಜೆಗೂ ಹೋಗುವಂಥದ್ದು ಬೇಕು. ಕಾಜಿಮಿಯೆಶ್ ಯಹೂದಿಗಳು ಬಾಳಿದ ಕೇರಿ. ನಾಜಿಗಳು ಘೆಟ್ಟೋ ಮಾಡಿದ್ದು ಆಚೆ ದಡದ ಪೊಡ್ಗೂಜೆಯಲ್ಲಿ. ಎಷ್ಟೋ ಪ್ರವಾಸಿಗರು ಕಾಜಿಮಿಯೆಶನ್ನೇ ಘೆಟ್ಟೋ ಅಂದುಕೊಂಡು ವಾಪಸ್ ಹೋಗುತ್ತಾರೆ. ಇದಕ್ಕೆ ಸ್ಪೀಲ್‌ಬರ್ಗ್ ಅವರ 1993ರ ಸಿನಿಮಾ 'ಶಿಂಡ್ಲರ್ಸ್ ಲಿಸ್ಟ್' ಕೂಡ ಒಂದು ಕಾರಣ. ಘೆಟ್ಟೋದ ದೃಶ್ಯಗಳನ್ನು ಅವರು ಚಿತ್ರೀಕರಿಸಿದ್ದು ಬಹುಪಾಲು ಕಾಜಿಮಿಯೆಶ್‌ನಲ್ಲಿ. ಯೂಜೆಫಾ ಬೀದಿಯ ಪಕ್ಕ ಒಂದು ಹಳೇ ಅಂಗಳವಿದೆ, ಮರದ ಮೆಟ್ಟಿಲು, ಮೊಗಸಾಲೆ ಎಲ್ಲಾ ಇರುವಂಥದ್ದು. ಅಲ್ಲಿ ಫೋಟೋಗೆ ಕ್ಯೂ ನಿಲ್ಲುತ್ತಾರೆ. ಸುಮ್ನೆ ಇಣುಕಿ ಮುಂದೆ ಹೋದರೆ ಸಾಕು.

ಹೋದ ವರ್ಷ ಅಪ್ಪ ಅಮ್ಮ ಬಂದಿದ್ದರು. ಅವರ ಜೊತೆ ಮಾಡಿದ ನಡಿಗೆಯನ್ನೇ ಇಲ್ಲಿ ಹೇಳುತ್ತೇನೆ, ಯಾಕೆಂದರೆ ನಾನು ಕೇಳದ ಪ್ರಶ್ನೆಗಳನ್ನೆಲ್ಲ ಅಮ್ಮ ಕೇಳಿದರು. ಗೈಡ್ ಇದೇ ಊರಿನ ಹೆಂಗಸು. ಇಂಗ್ಲಿಷ್‌ನಲ್ಲಿ ನಿಧಾನಕ್ಕೆ ಹೇಳುತ್ತಿದ್ದರು. ನಾನು ಕನ್ನಡ ಮಾಡಿ ಹೇಳುತ್ತಿದ್ದೆ. ಹೀಗೆ ಎರಡು ಸಲ ಹೇಳುವಾಗ ಟೂರ್ ಉದ್ದವಾಗುತ್ತದೆ. ಮನೆಯವರನ್ನು ಕರೆದುಕೊಂಡು ಹೋಗುವವರು ಅದನ್ನು ಲೆಕ್ಕ ಹಾಕಿಕೊಂಡೇ ಹೊತ್ತು ಗೊತ್ತುಮಾಡಿ.

ನಡಿಗೆ ಶುರುವಾಗುವುದು ಶೆರೋಕಾದಲ್ಲಿ. ಹೆಸರಿಗೆ ಬೀದಿ, ನೋಡಿದರೆ ಉದ್ದನೆಯ ಚೌಕ. ಅದರ ಒಂದು ತುದಿಯಲ್ಲಿ ಹಳೇ ಸಿನಗಾಗ್, ಅಂದರೆ ಯಹೂದಿಗಳ ಪ್ರಾರ್ಥನಾ ಮಂದಿರ, ಇದೆ. ಪೋಲೆಂಡಿನಲ್ಲಿ ಉಳಿದಿರುವ ಸಿನಗಾಗ್‌ಗಳಲ್ಲಿ ಇದೇ ಅತಿ ಹಳೆಯದು. ಈಗ ಮ್ಯೂಸಿಯಂ. ಗೈಡ್ ಒಳಗೆ ಹೋಗುವ ಮುಂಚೆ ಬಾಗಿಲ ಹೊರಗೆ ನಿಲ್ಲಿಸಿ ಎರಡು ತಾರೀಖು ಹೇಳಿದರು. 1335ರಲ್ಲಿ ರಾಜ ಮೂರನೇ ಕಾಜಿಮಿಯೆಶ್ ಕ್ರಾಕೋವ್ ಪಕ್ಕದಲ್ಲೇ ಒಂದು ಹೊಸ ಪಟ್ಟಣ ಕಟ್ಟಿಸಿದ, ಅದಕ್ಕೇ ಅವನ ಹೆಸರು. 1495ರಲ್ಲಿ ಇನ್ನೊಬ್ಬ ರಾಜ, ಯಾನ್ ಓಲ್ಬ್ರಾಹ್ಟ್, ಕ್ರಾಕೋವ್‌ನ ಯಹೂದಿಗಳು ಊರು ಬಿಟ್ಟು ಈ ಪಟ್ಟಣಕ್ಕೆ ಹೋಗಬೇಕೆಂದು ಆಜ್ಞೆ ಮಾಡಿದ. ಹಿಂದಿನ ವರ್ಷ ಊರಿನಲ್ಲಿ ದೊಡ್ಡ ಬೆಂಕಿ ಬಿದ್ದಿತ್ತು, ಗಲಭೆಯಾಗಿತ್ತು. ಹೊರಹಾಕಿಸಿಕೊಂಡು ಬಂದ ಜನ ಇಲ್ಲಿ ಬೇರು ಬಿಟ್ಟು, ಇದನ್ನು ಯುರೋಪಿನ ಯಹೂದಿ ವಿದ್ಯೆಗೆ ಹೆಸರಾದ ಜಾಗ ಮಾಡಿಬಿಟ್ಟರು. ಅಷ್ಟು ಸಾಕು, ಉಳಿದ ರಾಜರ ಪಟ್ಟಿ ಬೇಡ.

ಒಳಗೆ ಹೋಗಬೇಕಾದರೆ ಮೆಟ್ಟಿಲು ಇಳಿಯಬೇಕು. ನೆಲ ರಸ್ತೆಗಿಂತ ತಗ್ಗಿನಲ್ಲಿದೆ. ಸಿನಗಾಗ್ ಹೊರಗಿನಿಂದ ಚರ್ಚ್‌ಗಿಂತ ಎತ್ತರ ಕಾಣಬಾರದು, ಒಳಗೆ ಮಾತ್ರ ಎತ್ತರ ಇರಬೇಕು ಅಂದರೆ ಇರುವ ದಾರಿ ಇದು ಅಂತ ಗೈಡ್ ವಿವರಿಸಿದರು. ಗೋಡೆ ಕೋಟೆಯಷ್ಟು ದಪ್ಪ. ಕಿಟಕಿಗಳು ತಲೆಗಿಂತ ಎಷ್ಟೋ ಮೇಲೆ. ನಡುವೆ ಕಬ್ಬಿಣದ ಕಂಬಿಗಳನ್ನು ಬಾಗಿಸಿ ಮಾಡಿದ ಪಂಜರದಂಥ ಮಂಟಪ. ಯಹೂದಿ ಧರ್ಮಗ್ರಂಥ ತೋರಾ ಓದುವುದು ಅದರೊಳಗೆ ನಿಂತು. ಅಂದರೆ ಓದುವವರು ಜನರ ಎದುರಿಗೆ ಅಲ್ಲ, ಜನರ ಮಧ್ಯೆ.

ಅಮ್ಮನ ಮೊದಲ ಪ್ರಶ್ನೆ ಇಲ್ಲೇ ಬಂತು. "ಹೆಂಗಸರು ಎಲ್ಲಿ ಕೂರ್ತಿದ್ರು ಅಂತ ಕೇಳೋ."

ಪಕ್ಕದ ಕೋಣೆಯಲ್ಲಿ. ನಡುಗೋಡೆಯ ಕಿಂಡಿಗಳಿಂದ ಒಳಗಿನ ಓದು ಕೇಳಿಸಿಕೊಳ್ಳುತ್ತಿದ್ದರು. ಅಮ್ಮ ಆ ಕಿಂಡಿಯ ಹತ್ತಿರ ಹೋಗಿ ನಿಂತು, ಅಲ್ಲಿಂದ ಮಂಟಪ ಎಷ್ಟು ಕಾಣುತ್ತದೆ ಅಂತ ಬಗ್ಗಿ ನೋಡಿದರು. "ಏನೂ ಕಾಣಲ್ಲ" ಅಂದರು. ಗೈಡ್‌ಗೆ ಇದು ಇಷ್ಟವಾಯಿತೋ ಏನೋ, ಅಲ್ಲಿಂದ ಮುಂದೆ ಕಟ್ಟಡ ಕಡಿಮೆ ಮಾಡಿ ಹೆಂಗಸರ ಕಥೆ ಜಾಸ್ತಿ ಮಾಡಿದರು. ಹೊರಗೆ ಬಂದ ಮೇಲೆ ಇದೇ ಚೌಕದ ಒಂದು ಮನೆ ತೋರಿಸಿ, ಹೆಲೆನಾ ರುಬಿನ್‌ಸ್ಟೈನ್ ಈ ಕೇರಿಯವಳು ಅಂದರು. 1872ರಲ್ಲಿ ಹುಟ್ಟಿದಾಕೆ. ಎಂಟು ಹೆಣ್ಣುಮಕ್ಕಳಲ್ಲಿ ದೊಡ್ಡವಳು. ಆಸ್ಟ್ರೇಲಿಯಾಕ್ಕೆ ಹೋಗಿ ಮುಖಕ್ಕೆ ಹಚ್ಚುವ ಕ್ರೀಮ್ ಮಾರಲು ಶುರುಮಾಡಿ, ಕೊನೆಗೆ ಜಗತ್ತಿನ ಶ್ರೀಮಂತ ಹೆಂಗಸರಲ್ಲಿ ಒಬ್ಬಳಾದಳು. ಅದೇ ಊರಿನ ಇನ್ನೊಬ್ಬಾಕೆ ಸಾರಾ ಶೆನಿರೆರ್. ಬಟ್ಟೆ ಹೊಲಿಯುತ್ತಿದ್ದವಳು. ಗಂಡುಮಕ್ಕಳಿಗೆ ಧರ್ಮದ ಓದು ಇದೆ, ಹೆಣ್ಣುಮಕ್ಕಳಿಗೆ ಯಾಕಿಲ್ಲ ಅಂತ ಕೇಳಿ, 1917ರಲ್ಲಿ ಹುಡುಗಿಯರಿಗೆ ಶಾಲೆ ತೆಗೆದಳು. ಬೈಸ್ ಯಾಕೋವ್ ಅನ್ನುವ ಆ ಶಾಲೆಗಳು ಈಗ ಇಸ್ರೇಲ್, ಅಮೆರಿಕ ಎಲ್ಲಾ ಕಡೆ ಇವೆ. ಒಬ್ಬಳು ಸಂಪ್ರದಾಯ ಬಿಟ್ಟು ಹೋದಳು, ಇನ್ನೊಬ್ಬಳು ಅದರೊಳಗೇ ಜಾಗ ಮಾಡಿಕೊಂಡಳು. ಇಬ್ಬರೂ ಒಂದೇ ಊರಿನ ನೀರು ಕುಡಿದವರು.

ಕೆಲವು ಹೆಜ್ಜೆ ಮುಂದೆ ರೆಮುಹ್ ಸಿನಗಾಗ್. ಚಿಕ್ಕದು, ಆದರೆ ಇಲ್ಲಿ ಇವತ್ತಿಗೂ ಪ್ರಾರ್ಥನೆ ನಡೆಯುತ್ತದೆ. ಗಂಡಸರು ತಲೆ ಮುಚ್ಚಿಕೊಳ್ಳಬೇಕು. ಬಾಗಿಲಲ್ಲಿ ಕಿಪ್ಪಾ ಟೋಪಿ ಕೊಡುತ್ತಾರೆ. ನಮ್ಮಪ್ಪ ಚಳಿಗೆ ಹೆದರಿ ಮಂಕಿ ಕ್ಯಾಪ್ ಹಾಕಿಕೊಂಡೇ ಬಂದಿದ್ದರು. ಬಾಗಿಲಲ್ಲಿ ಕೂತಿದ್ದವರು ನೋಡಿ ನಕ್ಕು, ಇದೇ ನಡೆಯುತ್ತದೆ ಅಂತ ಕೈಸನ್ನೆ ಮಾಡಿದರು.

ಈ ಸಿನಗಾಗ್ ಹೆಸರು ಬಂದಿರುವುದು ರಬ್ಬಿ (ಯಹೂದಿ ಧರ್ಮಗುರು) ಮೋಶೆ ಇಸೆರ್ಲೆಸ್ ಅವರಿಂದ. ರೆಮಾ ಅಂತ ಕರೆಯುತ್ತಾರೆ. 1572ರಲ್ಲಿ ತೀರಿಕೊಂಡರು. ಅವರ ಕೆಲಸ ಏನು ಅಂತ ಗೈಡ್ ಹೇಳಿದ ರೀತಿ ನನಗೆ ತುಂಬಾ ಹಿಡಿಸಿತು. ಅದೇ ಕಾಲದಲ್ಲಿ, ಈಗಿನ ಇಸ್ರೇಲಿನ ಸಫೇದ್‌ನಲ್ಲಿದ್ದ ಯೋಸೆಫ್ ಕಾರೋ ಎಂಬ ಪಂಡಿತರು ಯಹೂದಿಗಳ ನಿತ್ಯದ ನಿಯಮಗಳನ್ನೆಲ್ಲ ಒಂದೇ ಗ್ರಂಥದಲ್ಲಿ ಬರೆದಿಟ್ಟರು. ಏಳುವುದು, ತಿನ್ನುವುದು, ವ್ಯಾಪಾರ, ಮದುವೆ, ಎಲ್ಲಾ. ಅವರ ಮೂಲ ಸ್ಪೇನ್ ಕಡೆಯದು, ಪದ್ಧತಿಯೂ ಆ ಕಡೆಯದು. ರೆಮಾ ಅದನ್ನು ತಳ್ಳಿಹಾಕಲಿಲ್ಲ.  ಅದರ ಮಗ್ಗುಲಲ್ಲೇ "ನಮ್ಮ ಕಡೆ ಹೀಗೆ ಮಾಡುತ್ತೇವೆ" ಅಂತ ಪೋಲೆಂಡ್, ಜರ್ಮನಿ ಕಡೆಯವರ ಪದ್ಧತಿ ಸೇರಿಸುತ್ತಾ ಹೋದರು. ಅಲ್ಲಿಂದ ಇಲ್ಲಿಯವರೆಗೆ ಎರಡನ್ನೂ ಒಟ್ಟಿಗೇ ಮುದ್ರಿಸುತ್ತಾರೆ.

ಉದಾಹರಣೆಗೆ ಪಾಸೋವರ್ ಹಬ್ಬ. ಆ ದಿನಗಳಲ್ಲಿ ಹುಳಿ ಬಂದ ಹಿಟ್ಟಿನದು ಯಾವುದೂ ಆಗದು, ಬ್ರೆಡ್ ಇಲ್ಲ. ಅನ್ನ ತಿನ್ನಬಹುದಾ? ಕಾರೋ ಪ್ರಕಾರ ತಿನ್ನಬಹುದು. ರೆಮಾ ಪ್ರಕಾರ ನಮ್ಮ ಕಡೆ ತಿನ್ನುವುದಿಲ್ಲ. ಅಕ್ಕಿಯೂ ಇಲ್ಲ, ಬೇಳೆಕಾಳೂ ಇಲ್ಲ. ಇದನ್ನು ನಾನು ಕನ್ನಡದಲ್ಲಿ ಹೇಳಿದ್ದೇ ತಡ, ಅಮ್ಮ "ಏಕಾದಶಿ ಥರಾನೇ ಆಯ್ತಲ್ಲ, ಸ್ಮಾರ್ತರದು ಒಂದು ದಿನ, ವೈಷ್ಣವರದು ಇನ್ನೊಂದು ದಿನ" ಅಂದರು. ಆಮೇಲೆ ಸ್ವಲ್ಪ ಹೊತ್ತು ಬಿಟ್ಟು, "ಎಂಟು ದಿನ ಅಕ್ಕಿ ಬೇಳೆ ಎರಡೂ ಇಲ್ಲಾಂದ್ರೆ ಏನು ಮಾಡಿ ಹಾಕ್ತಿದ್ರೋ ಪಾಪ" ಅಂತ ಸೇರಿಸಿದರು. ಆಲೂಗಡ್ಡೆ, ಮೊಟ್ಟೆ, ಮೀನು, ಮಾಂಸ, ಹುಳಿ ಬರದ ತೆಳ್ಳನೆಯ ಮಾತ್ಸಾ ರೊಟ್ಟಿ ಅಂತ ಗೈಡ್ ಪಟ್ಟಿ ಕೊಟ್ಟರು.

ಸಿನಗಾಗ್ ಹಿಂದೆಯೇ ಹಳೇ ಸ್ಮಶಾನ. 16ನೇ ಶತಮಾನದ ಮಧ್ಯದಿಂದ 1800ರವರೆಗೆ ಇಲ್ಲಿ ಹೂಳುತ್ತಿದ್ದರು. ನಾಜಿಗಳ ಕಾಲದಲ್ಲಿ ಇದನ್ನು ಹಾಳುಗೆಡವಿದರು. ಯುದ್ಧ ಮುಗಿದು ಎಷ್ಟೋ ವರ್ಷದ ಮೇಲೆ, 1959ರಲ್ಲಿ ಇಲ್ಲಿ ಅಗೆದಾಗ ನೆಲದಡಿ ನೂರಾರು ಹಳೇ ಗೋರಿಕಲ್ಲುಗಳು ಸಿಕ್ಕವು. ಈಗ ಸಾಲಾಗಿ ನಿಂತಿರುವುದು ಬಹುಪಾಲು ಹಾಗೆ ಮೇಲೆದ್ದವು. ಒಡೆದು ಚೂರಾದವನ್ನು ಎಸೆಯದೆ, ಬೀದಿಯ ಕಡೆಯ ಗೋಡೆಗೆ ಜೋಡಿಸಿದ್ದಾರೆ. ಹತ್ತಿರ ಹೋಗಿ ನೋಡಬೇಕು ಆ ಗೋಡೆಯನ್ನು. ಒಂದು ಚೂರಿನಲ್ಲಿ ಅರ್ಧ ಸಾಲು ಹೀಬ್ರೂ, ಪಕ್ಕದ್ದರಲ್ಲಿ ಬಳ್ಳಿಯ ತುದಿ, ಇನ್ನೊಂದರಲ್ಲಿ ಯಾವುದೋ ಪ್ರಾಣಿಯ ಪಾದ.

ಕಲ್ಲುಗಳ ಮೇಲಿನ ಗುರುತುಗಳನ್ನು ಓದುವುದು ಹೇಗೆ ಅಂತ ಗೈಡ್ ಹತ್ತಿರ ಕೇಳಿ ತಿಳಿದುಕೊಳ್ಳಿ. ಬೆರಳು ಅಗಲಿಸಿ ಹಿಡಿದ ಎರಡು ಕೈ ಇದ್ದರೆ ಸತ್ತವರು ಪುರೋಹಿತರ ವಂಶದವರು. ಹೂಜಿ ಇದ್ದರೆ ಲೇವಿಗಳು, ಪುರೋಹಿತರ ಕೈಗೆ ನೀರು ಹಾಕುವವರು. ಮೇಣದ ಬತ್ತಿ ಇದ್ದರೆ ಹೆಂಗಸು, ಯಾಕೆಂದರೆ ಶುಕ್ರವಾರ ಸಂಜೆ ಮನೆಯಲ್ಲಿ ದೀಪ ಹಚ್ಚುವುದು ಅವಳ ಕೆಲಸ. ಮುರಿದ ಮರ ಇದ್ದರೆ ಚಿಕ್ಕ ವಯಸ್ಸಿನ ಸಾವು. ಇವು ಜಾಸ್ತಿ ಕಾಣುವುದು ಮಿಯೊದೋವಾ ಬೀದಿಯ ಕೊನೆಯಲ್ಲಿರುವ ಹೊಸ ಯಹೂದಿ ಸ್ಮಶಾನದಲ್ಲಿ. ಹೊಸದು ಅಂದರೆ 1800ರದು! ಅಲ್ಲಿಗೆ ಟೂರ್‌ಗಳು ಸಾಮಾನ್ಯವಾಗಿ ಹೋಗುವುದಿಲ್ಲ. ಟೂರ್ ಮುಗಿದ ಮೇಲೆ ನೀವೇ ಹೋಗಿ. ಮರ, ಬಳ್ಳಿ ಬೆಳೆದು ಕಾಡಿನ ಹಾಗಿದೆ, ಜನ ಕಮ್ಮಿ.

ಗೋರಿಗಳ ಮೇಲೆ ಹೂವಿಲ್ಲ, ಚಿಕ್ಕ ಕಲ್ಲುಗಳಿರುತ್ತವೆ. ರೆಮಾ ಗೋರಿಯ ಹತ್ತಿರ ಮಡಿಸಿದ ಚೀಟಿಗಳೂ ಇರುತ್ತವೆ. ಹರಕೆ, ಬೇಡಿಕೆ ಬರೆದು ಇಟ್ಟು ಹೋಗುತ್ತಾರೆ. ಚೀಟಿಗಳನ್ನು ಮುಟ್ಟಬೇಡಿ, ಹತ್ತಿರದಿಂದ ಫೋಟೋ ತೆಗೆಯಬೇಡಿ. ಅಪ್ಪ ಒಂದು ಕಲ್ಲು ಹುಡುಕಿ ಇಟ್ಟರು. ಇಡಬಹುದಾ ಅಂತ ಮೊದಲು ಕೇಳಿದರು ಅನ್ನಿ.

ಇಲ್ಲಿಂದ ಮುಂದೆ ಶೆರೋಕಾದ ರೆಸ್ಟೋರೆಂಟ್‌ಗಳ ಸಾಲು. ಒಂದು ಕಡೆ ಹಳೇ ಅಂಗಡಿಗಳ ಬೋರ್ಡುಗಳು ಬಣ್ಣ ಮಾಸಿದ ಹಾಗೆ ಕಾಣುತ್ತವೆ: ಬಡಗಿ, ದರ್ಜಿ, ಕಿರಾಣಿ ಅಂಗಡಿ. ಅವು ಅಲಂಕಾರಕ್ಕೆ ಹಾಕಿದ್ದು. ಒಳಗೆ ಇರುವುದು ರೆಸ್ಟೋರೆಂಟ್. ಸಂಜೆ ಕ್ಲೆಜ್ಮರ್ ಅನ್ನುವ ಪೂರ್ವ ಯುರೋಪಿನ ಯಹೂದಿ ಸಂಗೀತ ನುಡಿಸುತ್ತಾರೆ, ಕೇಳಲು ಚೆನ್ನಾಗಿಯೇ ಇರುತ್ತದೆ. ಊರಿನ ಸ್ಮರಣಿಕೆ ಅಂಗಡಿಗಳಲ್ಲಿ ಕೈಯಲ್ಲಿ ನಾಣ್ಯ ಹಿಡಿದ ಯಹೂದಿ ಮುದುಕನ ಬೊಂಬೆ ಸಿಗುತ್ತದೆ. ಮನೆಯಲ್ಲಿಟ್ಟರೆ ದುಡ್ಡು ಬರುತ್ತದಂತೆ. ಇದು ಯಹೂದಿ ಅಂದರೆ ದುಡ್ಡು ಅಂತ ಆ ಜನರ ಮೇಲೆ ಹಾಕಿದ ಹಳೇ ಮೊಹರು ಅಂತ ಒಂದು ಕಡೆಯವರು, ಪ್ರೀತಿಯ ಅದೃಷ್ಟದ ಬೊಂಬೆ ಅಂತ ಇನ್ನೊಂದು ಕಡೆಯವರು, ವರ್ಷಗಳಿಂದ ಜಗಳ ನಡೆದೇ ಇದೆ. ನನ್ನ ಮಟ್ಟಿಗೆ, ಜನ ಇಲ್ಲದ ಕೇರಿಯಲ್ಲಿ ಅವರ ಬೊಂಬೆ ಮಾರುವುದು ನೋಡಿದರೆ ಹೊಟ್ಟೆಯಲ್ಲಿ ಒಂಥರಾ ಆಗುತ್ತದೆ. ನಮ್ಮವರು ಯಾರಾದರೂ ಕೊಳ್ಳಲು ಹೋದರೆ ಬೇಡ ಅಂತೀನಿ.

ನಿಜವಾದ ಗುರುತು ಬೇಕೆಂದರೆ ಬಾಗಿಲ ಚೌಕಟ್ಟು ನೋಡಿ. ಇದನ್ನು ಗೈಡ್ ತೋರಿಸದೆ ಇದ್ದಿದ್ದರೆ ನನಗೆ ಜನ್ಮದಲ್ಲಿ ಗೊತ್ತಾಗುತ್ತಿರಲಿಲ್ಲ. ಯಹೂದಿ ಮನೆಯ ಬಾಗಿಲಿನ ಬಲಗಡೆ ಚೌಕಟ್ಟಿಗೆ ಮೆಜೂಜಾ ಹಾಕುತ್ತಾರೆ. ಬೆರಳುದ್ದದ ಗೂಡು, ಅದರೊಳಗೆ ತೋರಾದ ಸಾಲು ಬರೆದ ಚರ್ಮದ ಸುರುಳಿ. ಒಂದು ಮನೆಯ ಬಾಗಿಲಲ್ಲಿ ಗೈಡ್ ನನ್ನ ಬೆರಳನ್ನು ಒಂದು ಜಾಗದಲ್ಲಿಡಲು ಹೇಳಿದರು. ಭುಜದ ಎತ್ತರದಲ್ಲಿ, ಓರೆಯಾಗಿ ಒಂದು ತಗ್ಗು. ಮೇಲೆ ಎಷ್ಟು ಪದರ ಪೇಂಟ್ ಬಳಿದಿದ್ದಾರೋ, ತಗ್ಗಿನ ಅಂಚು ದುಂಡಗಾಗಿದೆ. ಎರಡು ಕಡೆ ಮೊಳೆಯ ತೂತು. ಒಳಗಿದ್ದದ್ದು ಇಲ್ಲ, ಇದ್ದ ಜಾಗ ಮಾತ್ರ ಇದೆ. ಆಮೇಲೆ ಬೀದಿಯುದ್ದಕ್ಕೂ ಅಪ್ಪ ಬಾಗಿಲುಗಳನ್ನೇ ನೋಡುತ್ತಾ ಹಿಂದುಳಿದರು.

ಇಜಾಕ್ ಸಿನಗಾಗ್ ಹತ್ತಿರ ಒಂದು ಕಥೆ ಹೇಳುತ್ತಾರೆ. ಬಡವ ಇಜಾಕ್‌ಗೆ ಕನಸು ಬಿತ್ತು: ಪ್ರಾಗ್‌ನ ಸೇತುವೆಯ ಕೆಳಗೆ ನಿಧಿ ಇದೆ. ನಡೆದುಕೊಂಡು ಪ್ರಾಗ್‌ಗೆ ಹೋದ. ಸೇತುವೆಯ ಕಾವಲುಗಾರ ವಿಷಯ ಕೇಳಿ ನಕ್ಕ. "ಕನಸು ನಂಬಿಕೊಂಡು ಬಂದೆಯಾ? ನನಗೂ ಕನಸು ಬಿದ್ದಿದೆ, ಕ್ರಾಕೋವ್‌ನ ಯಾವನೋ ಇಜಾಕ್‌ನ ಮನೆಯ ಒಲೆಯಲ್ಲಿ ನಿಧಿ ಇದೆಯಂತೆ. ನಾನೇನು ಹೋದೆನಾ?" ಇಜಾಕ್ ಮನೆಗೆ ಓಡಿ ಬಂದು ಒಲೆ ಅಗೆದ. ಆ ದುಡ್ಡಲ್ಲೇ ಈ ಸಿನಗಾಗ್ ಕಟ್ಟಿಸಿದನಂತೆ. ಚರಿತ್ರೆಯ ಪ್ರಕಾರ ಕಟ್ಟಿಸಿದ ಇಜಾಕ್ ಯಾಕುಬೋವಿಚ್ ಶ್ರೀಮಂತ ವ್ಯಾಪಾರಿ, 1644ರಲ್ಲಿ ಕಟ್ಟಡ ಮುಗಿಯಿತು. ನೆರೆಹೊರೆಯವರಿಗೆ ಆ ದುಡ್ಡು ಎಲ್ಲಿಂದ ಬಂತು ಅನ್ನುವ ಕುತೂಹಲ ಇದ್ದೇ ಇತ್ತಲ್ವಾ.

ಊಟ ಇಲ್ಲೇ ಮುಗಿಸಿ, ನದಿ ದಾಟುವ ಮುಂಚೆ. ಆಚೆ ದಡ ನೋಡಿದ ಮೇಲೆ ಯಾರಿಗೂ ಊಟ ಸೇರುವುದಿಲ್ಲ. ಪ್ಲಾತ್ಸ್ ನೋವಿ ಅನ್ನುವ ಚೌಕದ ನಡುವೆ ಗುಂಡಗಿನ ಕಟ್ಟಡವಿದೆ. ಒಂದು ಕಾಲದಲ್ಲಿ ಅಲ್ಲಿ ಯಹೂದಿ ವಿಧಿಯಂತೆ ಕೋಳಿ ಕೊಯ್ಯುತ್ತಿದ್ದರು. ಈಗ ಅದರ ಸುತ್ತ ಕಿಟಕಿಗಳಲ್ಲಿ ಜಪಿಯೆಕಾಂಕಾ ಮಾರುತ್ತಾರೆ. ಉದ್ದನೆಯ ಬ್ರೆಡ್ ಸೀಳಿ, ಅಣಬೆ, ಚೀಸ್ ಹಾಕಿ ಸುಡುವುದು. ಮಾಮೂಲಿಯದರಲ್ಲಿ ಮಾಂಸ ಇರುವುದಿಲ್ಲ, ಆದರೂ ಕೇಳಿಕೊಂಡೇ ತಗೊಳ್ಳಿ. ಒಂದು ಇಬ್ಬರಿಗೆ ಸಾಕು. ಇದು ಯಹೂದಿ ತಿಂಡಿಯೇನಲ್ಲ. ಅದು ಬೇಕೆಂದರೆ ಬೇಗಲ್ ತಿನ್ನಿ. 1610ರಲ್ಲಿ ಕ್ರಾಕೋವ್‌ನ ಯಹೂದಿ ಸಮುದಾಯ ಬರೆದುಕೊಂಡ ಕಟ್ಟಳೆಯಲ್ಲಿ ಬೇಗಲ್ ಹೆಸರು ಬರುತ್ತದೆ, ಬಾಣಂತಿಗೆ ಕೊಡುವ ಉಡುಗೊರೆಗಳ ಪಟ್ಟಿಯಲ್ಲಿ. ಇದು ಅಮ್ಮನಿಗೆ ಎಷ್ಟು ಇಷ್ಟವಾಯಿತೆಂದರೆ, ಊರಿಗೆ ಫೋನ್ ಮಾಡಿದಾಗ ಮೊದಲು ಹೇಳಿದ್ದು ಅದನ್ನೇ.

ಆಮೇಲೆ ವಿಸ್ಟುಲಾ ನದಿ ದಾಟಬೇಕು. ಬೆರ್ನಾಟೆಕ್ ಕಾಲುಸೇತುವೆ 2010ರದು. ಪ್ರೇಮಿಗಳು ಹಾಕಿದ ಬೀಗಗಳಿಂದ ತುಂಬಿಹೋಗಿದೆ. ಶೆರೋಕಾದಿಂದ ಆಚೆ ದಡದ ಘೆಟ್ಟೋ ಚೌಕಕ್ಕೆ ಆರಾಮಾಗಿ ನಡೆದರೂ ಇಪ್ಪತ್ತು, ಇಪ್ಪತ್ತೈದು ನಿಮಿಷ. ಈ ದೂರವನ್ನು ನಡೆದೇ ಹೋಗಿ. 1941ರ ಮಾರ್ಚ್‌ನಲ್ಲಿ ಜನ ಕೈಗಾಡಿಗಳಲ್ಲಿ ಹಾಸಿಗೆ, ಪಾತ್ರೆ, ಕುರ್ಚಿ ಹೇರಿಕೊಂಡು ಹೋದದ್ದು ಇದೇ ನದಿ ದಾಟಿ. ಅದಕ್ಕಿಂತ ಮುಂಚೆಯೇ, 1940ರಲ್ಲಿ, ಬಹುಪಾಲು ಯಹೂದಿಗಳನ್ನು ಊರಿನಿಂದಲೇ ಓಡಿಸಿದ್ದರು. ಉಳಿಸಿಕೊಂಡವರಿಗೆ 1941ರ ಮಾರ್ಚ್ 3ರಂದು ಘೆಟ್ಟೋ ಆಜ್ಞೆ ಬಂತು. ಮುಂಚೆ ಸುಮಾರು 3,000 ಜನ ಇದ್ದ ಜಾಗಕ್ಕೆ 15,000ಕ್ಕೂ ಜಾಸ್ತಿ ಜನ. ಪೊಡ್ಗೂಜೆಯಲ್ಲಿದ್ದ ಪೋಲಿಷ್ ಕುಟುಂಬಗಳನ್ನು ಎಬ್ಬಿಸಿ, ಕಾಜಿಮಿಯೆಶ್‌ನ ಖಾಲಿ ಮನೆಗಳಿಗೆ ಕಳಿಸಿದರು.

ಲ್ವೋವ್‌ಸ್ಕಾ ಬೀದಿಯಲ್ಲಿ ಘೆಟ್ಟೋ ಗೋಡೆಯ ಒಂದು ತುಂಡು ಉಳಿದಿದೆ. ಅದರ ಮೇಲ್ತುದಿ ಸಾಲು ಸಾಲಾಗಿ ಕಮಾನು ಕಮಾನು. ಬೆಳಿಗ್ಗೆ ಸ್ಮಶಾನದಲ್ಲಿ ಗೋರಿಕಲ್ಲುಗಳನ್ನು ನೋಡಿ ಬಂದವರಿಗೆ ಅದೇನು ಅಂತ ಹೇಳಬೇಕಾಗಿಲ್ಲ. ಅಪ್ಪನೇ ಹೇಳಿದರು, "ಇವು ಆ ಕಲ್ಲುಗಳ ಆಕಾರ." ಕಟ್ಟಿದವರು ಬೇಕೆಂದೇ ಹಾಗೆ ಕಟ್ಟಿದ್ದು. ಗೋಡೆ ಅಪಾರ್ಟ್‌ಮೆಂಟ್ ಒಂದರ ಪಕ್ಕ ನಿಂತಿದೆ. ಜನ ಸಾಮಾನು ತಗೊಂಡು ಅದರ ಮುಂದೆ ಓಡಾಡುತ್ತಿರುತ್ತಾರೆ.

ಘೆಟ್ಟೋ ವೀರರ ಚೌಕದಲ್ಲಿ ದೊಡ್ಡ ದೊಡ್ಡ ಲೋಹದ ಕುರ್ಚಿಗಳು ಖಾಲಿ ನಿಂತಿವೆ. 33 ದೊಡ್ಡವು. ಅಂಚಿನಲ್ಲಿ, ಟ್ರಾಮ್ ಸ್ಟಾಪ್‌ಗಳಲ್ಲಿ ಚಿಕ್ಕವು. 2005ರಲ್ಲಿ ಪಿಯೋಟರ್ ಲೆವಿಟ್ಸ್ಕಿ, ಕಾಜಿಮಿಯೆಶ್ ವಾಟಾಕ್ ಎಂಬ ವಾಸ್ತುಶಿಲ್ಪಿಗಳು ಮಾಡಿದ್ದು. ಘೆಟ್ಟೋ ಖಾಲಿ ಮಾಡಿಸಿದಾಗ ಮನೆ ಸಾಮಾನೆಲ್ಲ ಚೌಕದಲ್ಲಿ ಚೆಲ್ಲಾಡಿತ್ತು, ಅದರ ನೆನಪು. ಚಿಕ್ಕ ಕುರ್ಚಿಗಳ ಮೇಲೆ ಕೂತು ಜನ ಟ್ರಾಮ್‌ಗೆ ಕಾಯುತ್ತಾರೆ. ಕೆಲವರಿಗೆ ಇದು ಅಗೌರವ ಅನ್ನಿಸುತ್ತದೆ. ನನಗೆ ಹಾಗನ್ನಿಸಲಿಲ್ಲ. ಸುತ್ತ ಬೇಲಿ ಹಾಕಿದ್ದಿದ್ದರೆ ವರ್ಷಕ್ಕೊಮ್ಮೆ ಹಾರ ಹಾಕಿ ಮರೆಯುತ್ತಿದ್ದರು.

ಚೌಕದ ಮೂಲೆಯಲ್ಲಿ "ಹದ್ದಿನ ಕೆಳಗೆ" ಅನ್ನುವ ಔಷಧಿ ಅಂಗಡಿ. ಇದಕ್ಕೆ ಹೊತ್ತು ಕೊಡಿ. ಇಡೀ ನಡಿಗೆಯಲ್ಲಿ ನನಗೆ ತುಂಬಾ ಮುಖ್ಯ ಅನ್ನಿಸಿದ ಜಾಗ ಇದು, ಶಿಂಡ್ಲರ್ ಫ್ಯಾಕ್ಟರಿಗಿಂತಲೂ. ಅಂಗಡಿಯ ಯಜಮಾನ ತಾದೇಉಷ್ ಪಾಂಕಿಯೆವಿಚ್ ಕ್ಯಾಥೊಲಿಕ್ ಪೋಲಿಷ್ ಮನುಷ್ಯ. ಘೆಟ್ಟೋ ಆದಾಗ ಅಂಗಡಿ ಆಚೆಗೆ ಸಾಗಿಸಿ ಅಂದರು, ಅವರು ಒಪ್ಪಲಿಲ್ಲ. ಘೆಟ್ಟೋದ ಒಳಗಿದ್ದುಕೊಂಡು ಅಂಗಡಿ ನಡೆಸಿದ ಒಬ್ಬನೇ ಪೋಲಿಷ್ ವ್ಯಕ್ತಿ ಅವರು. ಮೂವರು ಹೆಂಗಸರು ಅವರ ಜೊತೆ ಕೆಲಸ ಮಾಡುತ್ತಿದ್ದರು. ಪಾಸ್ ಹಿಡಿದು ದಿನಾ ಒಳಗೆ ಬಂದು ಹೋಗುತ್ತಿದ್ದವರು. ಹೊರಗಿನ ಸುದ್ದಿ, ಆಹಾರ ಅವರ ಮೂಲಕ ಒಳಗೆ ಬರುತ್ತಿತ್ತು. ಅಂಗಡಿಯಲ್ಲಿ ತುಂಬಾ ಖರ್ಚಾಗುತ್ತಿದ್ದ ಒಂದು ಸಾಮಾನು ಕೂದಲ ಬಣ್ಣ. ವಯಸ್ಸಾದವರು ಎಳೆಯರ ಹಾಗೆ ಕಂಡರೆ ಕೆಲಸಕ್ಕೆ ಇಟ್ಟುಕೊಳ್ಳುತ್ತಾರೆ, ಸಾವಿನ ಶಿಬಿರಕ್ಕೆ ಹೋಗುವ ರೈಲಿಗೆ ಹತ್ತಿಸುವುದಿಲ್ಲ. ಇನ್ನೊಂದು, ಚಿಕ್ಕ ಮಕ್ಕಳಿಗೆ ನಿದ್ದೆಯ ಔಷಧಿ. ಹುಡುಕಾಟ ನಡೆಯುವಾಗ ಬಚ್ಚಿಟ್ಟ ಮಗು ಅಳಬಾರದಲ್ಲ.

ಈಗ ಅದು ಮ್ಯೂಸಿಯಂ. ಕೌಂಟರ್ ಹಿಂದಿನ ಡ್ರಾಯರ್‌ಗಳನ್ನು ನೀವೇ ಎಳೆದು ತೆಗೆಯಬಹುದು. ಒಂದೊಂದರಲ್ಲಿ ಒಬ್ಬೊಬ್ಬರ ಮಾತು, ಫೋಟೋ, ಕಾಗದ. ಅಮ್ಮ ಅಲ್ಲಿ ತುಂಬಾ ಹೊತ್ತು ನಿಂತರು. ನಾನು ಕನ್ನಡ ಮಾಡಿ ಹೇಳುವುದನ್ನು ನಿಲ್ಲಿಸಿದೆ, ಅವರೂ ಕೇಳಲಿಲ್ಲ.

1942ರ ಜೂನ್ ಮತ್ತು ಅಕ್ಟೋಬರ್‌ನಲ್ಲಿ ಇಲ್ಲಿಂದ ಸಾವಿರಾರು ಜನರನ್ನು ಬೆಲ್ಜೆಟ್ಸ್ ಸಾವಿನ ಶಿಬಿರಕ್ಕೆ ಸಾಗಿಸಿದರು. 1943ರ ಮಾರ್ಚ್ 13 ಮತ್ತು 14ರಂದು ಘೆಟ್ಟೋ ಮುಗಿಸಿದರು. ದುಡಿಯುವ ಶಕ್ತಿ ಇದ್ದವರನ್ನು ಪಕ್ಕದ ಪ್ವಾಶೂಫ್ ಶಿಬಿರಕ್ಕೆ, ಉಳಿದವರನ್ನು ಆಶ್‌ವಿಟ್ಜ್‌ಗೆ. ಸುಮಾರು 2,000 ಜನರನ್ನು ಬೀದಿಯಲ್ಲೇ ಕೊಂದರು. ಪ್ವಾಶೂಫ್ ಶಿಬಿರ ಕಟ್ಟಿದ್ದು ಎರಡು ಯಹೂದಿ ಸ್ಮಶಾನಗಳ ಮೇಲೆ, ದಾರಿಗೆ ಹಾಸಿದ್ದು ಅಲ್ಲಿನ ಗೋರಿಕಲ್ಲುಗಳನ್ನು. ಗೈಡ್ ಇದನ್ನೆಲ್ಲ ಚೌಕದಲ್ಲಿ ನಿಂತು, ದನಿ ಏರಿಸದೆ, ತಾರೀಖಿನ ಪ್ರಕಾರ ಹೇಳಿ ಮುಗಿಸಿದರು.

ಕೊನೆಗೆ, 1945ರ ನಂತರ ಏನಾಯಿತು ಅಂತ ನಾನು ಕೇಳಿದ್ದ ಪ್ರಶ್ನೆಯ ಉತ್ತರ. ಬದುಕುಳಿದ ಕೆಲವರು ಮನೆ ಹುಡುಕಿಕೊಂಡು ವಾಪಸ್ ಬಂದರು. ಮನೆಗಳಲ್ಲಿ ಬೇರೆಯವರಿದ್ದರು. 1945ರ ಆಗಸ್ಟ್ 11ರಂದು, ಅಂದರೆ ಜರ್ಮನರು ಸೋತು ಮೂರು ತಿಂಗಳ ಮೇಲೆ, ಕಾಜಿಮಿಯೆಶ್‌ನ ಕೂಪಾ ಸಿನಗಾಗ್ ಮೇಲೆ ಊರಿನ ಜನರೇ ದಾಳಿ ಮಾಡಿದರು. ಯಹೂದಿಗಳು ಮಗುವನ್ನು ಕೊಂದಿದ್ದಾರೆ ಅನ್ನುವ ಸುಳ್ಳು ಸುದ್ದಿ ಅದಕ್ಕೆ ನೆಪ. 1968ರಲ್ಲಿ ಸರ್ಕಾರವೇ ಯಹೂದಿಗಳ ವಿರುದ್ಧ ಪ್ರಚಾರ ನಡೆಸಿತು, ಉಳಿದವರಲ್ಲಿ ಎಷ್ಟೋ ಜನ ದೇಶ ಬಿಟ್ಟರು. ಗೈಡ್ ಪೋಲಿಷ್ ಹೆಂಗಸು, ಯಹೂದಿಯಲ್ಲ. ಇದನ್ನು ಹೇಳುವಾಗ "ನಮ್ಮವರು" ಅನ್ನುವ ಮಾತನ್ನೇ ಬಳಸಿದರು. ಅವರ ಮೇಲೆ ನನಗೆ ಗೌರವ ಬಂದದ್ದು ಅಲ್ಲಿ.

ಈಗ ಇಲ್ಲಿ ಯಹೂದಿಗಳೇ ಇಲ್ಲ ಅಂದುಕೊಳ್ಳಬೇಡಿ. ಕಡಿಮೆ, ಆದರೆ ಇದ್ದಾರೆ. ಮಿಯೊದೋವಾ ಬೀದಿಯಲ್ಲಿ 2008ರಲ್ಲಿ ಯಹೂದಿ ಸಮುದಾಯ ಕೇಂದ್ರ ಶುರುವಾಯಿತು. ಅಂದಿನ ಬ್ರಿಟನ್ ಯುವರಾಜ ಚಾರ್ಲ್ಸ್ ಬಂದು ಉದ್ಘಾಟಿಸಿದರು. ಯುದ್ಧ ಬಿಟ್ಟು ಓಡಿ ಬಂದ ಉಕ್ರೇನ್ ಜನರಿಗೆ 2022ರಲ್ಲಿ ಇಲ್ಲಿ ದೊಡ್ಡ ಮಟ್ಟದ ಸಹಾಯ ನಡೆಯಿತು. ಸೇವೆಗೆ ಬರುವವರಲ್ಲಿ ಯಹೂದಿಗಳಲ್ಲದ ಪೋಲಿಷ್ ಹುಡುಗ ಹುಡುಗಿಯರು ಬೇಕಾದಷ್ಟಿದ್ದಾರೆ. ಬೇಸಿಗೆಯಲ್ಲಿ ಯಹೂದಿ ಸಂಸ್ಕೃತಿ ಉತ್ಸವ ನಡೆಯುತ್ತದೆ, 1988ರಿಂದ ಇದೆ. ಆ ದಿನಗಳಲ್ಲಿ ಬರುವುದಾದರೆ ರೂಮ್ ಬೇಗ ನೋಡಿಕೊಳ್ಳಿ.

ಇನ್ನು ಕೆಲವು ಸಣ್ಣಪುಟ್ಟ ವಿಷಯ. ಶನಿವಾರ ಬೇಡ. ಅದು ಯಹೂದಿಗಳ ಸಬ್ಬತ್, ರೆಮುಹ್‌ಗೆ ಪ್ರವಾಸಿಗರನ್ನು ಬಿಡುವುದಿಲ್ಲ. ಶುಕ್ರವಾರವಾದರೆ ಬೆಳಿಗ್ಗೆಯೇ ಹೋಗಿ, ಬೇಗ ಮುಚ್ಚುತ್ತಾರೆ. ಅವರ ಹಬ್ಬದ ದಿನಗಳನ್ನೂ ಒಮ್ಮೆ ನೋಡಿಕೊಳ್ಳಿ. ಕಲ್ಲು ಹಾಸಿದ ಬೀದಿಗಳು, ಹಿರಿಯರಿಗೆ ಗಟ್ಟಿ ಶೂ ಹಾಕಿಸಿ. ಸಿನಗಾಗ್‌ಗಳಿಗೆ ಪ್ರವೇಶದ ದುಡ್ಡು ಟೂರ್‌ನಲ್ಲಿ ಸೇರಿದೆಯಾ ಅಂತ ಮೊದಲೇ ಕೇಳಿ. ಎಷ್ಟೋ ಟೂರ್‌ಗಳು ಹೊರಗಿನಿಂದಲೇ ತೋರಿಸಿ ಮುಂದೆ ಹೋಗುತ್ತವೆ. ಟಿಪ್ಸ್ ಟೂರ್ ಆದರೆ ಬಿಟ್ಟಿ ಅಂತ ಎದ್ದು ಹೋಗಬೇಡಿ. ನಾನು ತಲೆಗೆ 50 ಜ್ಲೋಟಿ ಕೊಡುತ್ತೇನೆ. ಗೈಡ್‌ನ ಕೂಲಿ ಅದೇ.

ಶಿಂಡ್ಲರ್ ಫ್ಯಾಕ್ಟರಿ ಚೌಕದಿಂದ ಹತ್ತೇ ನಿಮಿಷ. ಆದರೆ ಅವತ್ತೇ ತುರುಕಬೇಡಿ. ಒಳಗಿರುವುದು ಶಿಂಡ್ಲರ್ ಬಗ್ಗೆ ಮಾತ್ರ ಅಲ್ಲ, ಆಕ್ರಮಣದ ಕಾಲದ ಇಡೀ ಕ್ರಾಕೋವ್ ಬಗ್ಗೆ. ಅದಕ್ಕೇ ಎರಡು ಗಂಟೆ ಬೇಕು, ಟಿಕೆಟ್ ಮುಂಚೆಯೇ ಮಾಡಿಸಬೇಕು. ಆಶ್‌ವಿಟ್ಜ್ ಕೂಡ ಮಾರನೇ ದಿನವೇ ಬೇಡ, ಮಧ್ಯೆ ಒಂದು ದಿನ ಬಿಡಿ. ಅಲ್ಲಿಗೂ ಮೊದಲೇ ಬುಕ್ ಮಾಡಿ. ಟಿಕೆಟ್ ಹೆಸರಿನ ಮೇಲೆ ಇರುತ್ತದೆ, ಬಾಗಿಲಲ್ಲಿ ಗುರುತಿನ ಚೀಟಿ ನೋಡುತ್ತಾರೆ, ಪಾಸ್‌ಪೋರ್ಟ್ ಮನೆಯಲ್ಲಿ ಬಿಟ್ಟು ಹೊರಡಬೇಡಿ.